ಯಾಕಮ್ಮನ ಕೆಲಸ, ನನ್ನ ದನಿ

ನನ್ನ ನಾದಿನಿಗೆ ಮನೆಯಲ್ಲಿ ಇಟ್ಟ ಅಡ್ಡಹೆಸರು ಯಾಕಮ್ಮ. ಮಾತು ಕಲಿತಂದಿನಿಂದ ಯಾಕೆ, ಯಾಕೆ ಎಂದು ಎಲ್ಲರ ತಲೆ ತಿಂದವಳಂತೆ. ನಾನು ಸೊಸೆಯಾಗಿ ಬಂದ ವಾರವೇ, ನಿಮ್ಮ ಪೆಟ್ಟಿಗೆಗೆ ಯಾಕೆ ಬೀಗ ಹಾಕಿದ್ದೀರಿ ಎಂದು ಕೇಳಿದ್ದಳು. ಒಳ್ಳೇ ಕಥೆ! ಅದರಲ್ಲಿದ್ದದ್ದು ನನ್ನ ಹೊಲಿಗೆ ಕತ್ತರಿಗಳು. ಇಂಥವಳು ಟೀವಿ ಚಾನೆಲ್ ಸೇರದೆ ಇನ್ನೆಲ್ಲಿ ಸೇರುತ್ತಾಳೆ?

ಸೇರಿದ ಕೂಡಲೇ ಅಲ್ಲಿ ಯಾರೂ ಅವಳಿಗೆ ಮಣೆ ಹಾಕಲಿಲ್ಲ. ಮೊದಲು ಪರದೆಯ ಕೆಳಗೆ ಓಡುವ ಸಾಲುಗಳನ್ನು ಟೈಪ್ ಮಾಡಿದಳು. ಆಮೇಲೆ ಹವಾಮಾನ ಓದಿದಳು. ಆಮೇಲೆ ಮೈಕು ಹಿಡಿದು, ರಸ್ತೆಗುಂಡಿಯ ಪಕ್ಕ ನಿಂತು, ಇಲ್ಲೊಂದು ಗುಂಡಿ ಇದೆ ಎಂದು ಹೇಳುವ ಕೆಲಸ. ಒಮ್ಮೆ ಶಾಲೆಯೊಂದರ ಹೊಸ ಬಸ್ಸುಗಳ ಬಗ್ಗೆ ಸಣ್ಣ ಸುದ್ದಿ ಮಾಡಲು ಹೋದವಳು, ಸುಮ್ಮನಿರಲಾರದೆ ಬೆಂಕಿ ನಂದಿಸುವ ಸಿಲಿಂಡರನ್ನು ಎತ್ತಿ ನೋಡಿದಳು. ಹಗುರ. ಪಕ್ಕದ ಬಸ್ಸಿನದೂ ಹಗುರ. ಯಾಕೆ ಎಂದು ಕೇಳುತ್ತಾ ಹೋಗಿ, ಖಾಲಿ ಸಿಲಿಂಡರಿಗೆ ಬಣ್ಣ ಬಳಿದು ಮಾರುವ ಗೋದಾಮಿನ ಬಾಗಿಲನ್ನೇ ತಟ್ಟಿದಳು. ಅಂದಿನಿಂದ ಅವಳು ತನಿಖಾ ವರದಿಗಾರ್ತಿ. ನಮ್ಮ ಮನೆಯವರು ತಂಗಿಯ ಹೆಸರೆತ್ತಿದರೆ ಉಬ್ಬಿಹೋಗುತ್ತಿದ್ದರು. ನನಗೂ ಹೆಮ್ಮೆಯೇ, ಆದರೆ ಮುಖದ ಮುಂದೆ ಹೇಳುವವಳು ನಾನಲ್ಲ.

ಹೀಗಿರುವಾಗ ಆಸ್ಪತ್ರೆಯ ವಿಷಯ ಬಂತು. ದೊಡ್ಡ ಖಾಸಗಿ ಆಸ್ಪತ್ರೆ. ಡಯಾಲಿಸಿಸ್ ರೋಗಿಗಳಿಗೆ ಒಂದು ಸಲ ಬಳಸಿ ಎಸೆಯಬೇಕಾದ ಕೊಳವೆಗಳನ್ನು ಅಲ್ಲಿ ತೊಳೆದು ಇನ್ನೊಬ್ಬರಿಗೆ ಹಾಕುತ್ತಿದ್ದರು. ಅಲ್ಲಿನ ನರ್ಸ್ ಒಬ್ಬಳು ಯಾಕಮ್ಮನ ಕ್ಯಾಮೆರಾ ಮುಂದೆ ಕೂತು ಎಲ್ಲವನ್ನೂ ಹೇಳಿದಳು. ತಾನು ಯಾರೆಂದು ಯಾರಿಗೂ ತಿಳಿಯಬಾರದು ಎಂಬುದೊಂದೇ ಅವಳ ಷರತ್ತು. ಮುಖವನ್ನೇನೋ ಮಸುಕು ಮಾಡಬಹುದು. ದನಿಯನ್ನು ಯಂತ್ರದಲ್ಲಿ ತಿರುಚಿದರೆ, ಬಲ್ಲವರು ಅದನ್ನು ಮತ್ತೆ ನೆಟ್ಟಗೆ ಮಾಡಿ ಕೇಳುತ್ತಾರಂತೆ. ಅದಕ್ಕೆ ಯಾಕಮ್ಮನದೊಂದು ಪದ್ಧತಿಯಿತ್ತು. ಸಾಕ್ಷಿಯ ಮಾತನ್ನು ಬೇರೊಬ್ಬರ ಬಾಯಲ್ಲಿ ಹೇಳಿಸಿ, ದನಿ ಬದಲಿಸಲಾಗಿದೆ ಎಂದು ಪರದೆಯ ಮೇಲೆ ಒಂದು ಸಾಲು ಹಾಕಿ, ಮೂಲವನ್ನು ಅಳಿಸಿಬಿಡುವುದು.

ಚಾನೆಲ್ಲಿನವರ ದನಿಗಳೆಲ್ಲ ವೀಕ್ಷಕರಿಗೆ ಪರಿಚಿತ. ಹಾಗಾಗಿ ನನ್ನನ್ನು ಎಳೆದುಕೊಂಡು ಹೋದಳು. ಬೇಡ ಕಣೇ ಅಂದೆ, ಕೇಳಬೇಕಲ್ಲ! ಗೋಡೆಗೆಲ್ಲ ಸ್ಪಂಜು ಅಂಟಿಸಿದ ಗೂಡಿನಂಥ ಕೋಣೆ, ಗಾಜಿನಾಚೆ ರೆಕಾರ್ಡಿಂಗ್ ಮಾಡುವವನು. ಪಾಠ ಒಪ್ಪಿಸಿದ ಹಾಗಿದೆ, ಮನೆಯಲ್ಲಿ ಮಾತಾಡುವ ಹಾಗೆ ಹೇಳಿ ಅಂದ. ಸರಿ, ಹಾಗೇ ಹೇಳಿದೆ. ಮನೆಯಲ್ಲಿ ನನಗೆ ಎರಡು ಮಾತಿಗೊಮ್ಮೆ "ಅಲ್ಲಾ ರೀ, ನೀವೇ ಹೇಳಿ" ಎನ್ನುವ ಅಭ್ಯಾಸ. ಅದು ಅಲ್ಲೂ ಬಂತು. ಎಷ್ಟು ಸಹಜವಾಗಿದೆ ಎಂದು ಅವನು ತೆಗೆಯದೆ ಉಳಿಸಿಕೊಂಡ. ಅರ್ಥವೇನೂ ಬದಲಾಗಿಲ್ಲವಲ್ಲ ಎಂದು ಯಾಕಮ್ಮನೂ ತಲೆಯಾಡಿಸಿದಳು. ಬಡಾವಣೆಯ ಅರ್ಧ ಹೆಂಗಸರು ನನ್ನ ಹತ್ತಿರವೇ ಬಟ್ಟೆ ಹೊಲಿಸುತ್ತಾರೆ, ನನ್ನ ಹತ್ತಿರವೇ ಬೈಸಿಕೊಳ್ಳುತ್ತಾರೆ ಎಂಬುದು ಇಬ್ಬರಿಗೂ ಹೊಳೆಯಲಿಲ್ಲ.

ಕಾರ್ಯಕ್ರಮ ಬಂದ ಮರುದಿನ ಅಂಗಡಿಗೆ ಬಂದವರೆಲ್ಲ ಅಳತೆ ಕೊಡುವುದು ಬಿಟ್ಟು, ನೀವು ಯಾವಾಗ ನರ್ಸ್ ಆದಿರಿ ಎಂದು ಕಿಸಕ್ಕನೆ ನಗುವವರೇ. ಬಾಯಿಗೆ ಬೀಗ ಹಾಕಿಕೊಂಡು ಕೂತೆ. ಏನು ಪ್ರಯೋಜನ, ಗುಟ್ಟು ರಟ್ಟಾಗಿತ್ತು. ಸಂಜೆಗೆಲ್ಲ ಆಸ್ಪತ್ರೆಯವರು ಪತ್ರಕರ್ತರನ್ನು ಕರೆಸಿ, ಇಂಥ ನರ್ಸ್ ನಮ್ಮಲ್ಲಿ ಇಲ್ಲವೇ ಇಲ್ಲ, ಅದು ವರದಿಗಾರ್ತಿಯ ಅತ್ತಿಗೆ, ಎಲ್ಲ ಕಟ್ಟುಕಥೆ ಎಂದು ಸಾರಿದರು. ನನ್ನ ಫೋಟೋವನ್ನೂ ತೋರಿಸಿದರು, ಅದೂ ಕಣ್ಣು ಮುಚ್ಚಿಕೊಂಡದ್ದು. ದನಿ ಮಾತ್ರ ಬೇರೆಯವರದು ಎಂದು ಚಾನೆಲ್ಲಿನವರು ಹೇಳಿದರೆ, ಹಾಗಾದರೆ ಆ ನರ್ಸನ್ನು ತೋರಿಸಿ ಎಂದರು.

ಸಂಪಾದಕರು ಯಾಕಮ್ಮನನ್ನು ಕರೆದು, ನಾಳೆ ಮಧ್ಯಾಹ್ನದೊಳಗೆ ನರ್ಸ್ ಯಾರೆಂದು ಹೇಳು, ಇಲ್ಲವೇ ಮನೆಗೆ ನಡೆ ಅಂದರಂತೆ. ಇಷ್ಟು ವರ್ಷ ಬೆವರು ಸುರಿಸಿ ಕಟ್ಟಿಕೊಂಡ ಹೆಸರು, ನನ್ನ ಬಾಯಿಂದಾಗಿ ಮಣ್ಣುಪಾಲಾಗುತ್ತಿತ್ತು. ಹೆಸರು ಹೇಳಿಬಿಡೇ ಎಂದು ಗೋಗರೆದೆ.

"ಆಗಲ್ಲ ಅತ್ತಿಗೆ. ನನ್ನ ಕೆಲಸ ಹೋದ್ರೆ ಇನ್ನೊಂದು ಹುಡುಕ್ಕೋತೀನಿ. ನಂಬಿ ಮಾತಾಡಿದವಳನ್ನ ಬಿಟ್ಟುಕೊಟ್ರೆ, ನಾಳೆ ಯಾರು ಬಾಯಿ ಬಿಡ್ತಾರೆ?"

ಮರುದಿನ ಬೆಳಿಗ್ಗೆ ಮೇಜಿನ ಮೇಲಿನ ತನ್ನ ಸಾಮಾನು ತರಲು ಖಾಲಿ ಚೀಲ ಹಿಡಿದು ಹೊರಟಳು. ನಾನು ಅಂಗಡಿ ತೆರೆದು ಕೂತೆ. ಮಿಷನ್ ತುಳಿಯಲು ಕಾಲೇ ಬರಲಿಲ್ಲ. ಅಷ್ಟರಲ್ಲಿ ಗುರುತಿಲ್ಲದ ಹೆಂಗಸೊಬ್ಬಳು ಬಂದು ಬಾಗಿಲಲ್ಲೇ ನಿಂತಳು. ತಮಾಷೆ ಮಾಡಲು ಇನ್ನೊಬ್ಬಳು ಬಂದಳು ಎಂದುಕೊಂಡು, ಏನು ಬೇಕು ಎಂದು ರೇಗಿದೆ.

"ನೀವು ಟೀವೀಲಿ ಹೇಳಿದ್ದು ನನ್ನ ಮಾತು" ಅಂದಳು. "ನಾನು ಹೇಳೋವಾಗ ಹೆದರಿ ಹೆದರಿ ಬಾಗಿಲ ಕಡೆ ನೋಡ್ತಿದ್ದೆ. ನಿಮ್ಮ ದನೀಲಿ ಕೇಳಿದ್ರೆ ಯಾರಿಗೂ ಹೆದರದೆ ಜಗಳಕ್ಕೆ ನಿಂತ ಹಾಗಿತ್ತು. ಇಷ್ಟೇ ತಾನೆ, ನಾನೇ ಹೇಳಬಹುದಲ್ಲ ಅನ್ನಿಸ್ತು."

ಬೀದಿಯಲ್ಲಿ ನಿಂತಿದ್ದ ಆಟೋದಲ್ಲಿ ಅದೇ ವಾರ್ಡಿನ ಇನ್ನಿಬ್ಬರು ನರ್ಸ್‌ಗಳು ಕೂತಿದ್ದರು. ಅಂಗಡಿಯ ಬಾಗಿಲು ಎಳೆದು ನಾನೂ ಹತ್ತಿದೆ. ಚಾನೆಲ್ಲಿನಲ್ಲಿ ಅವರನ್ನು ಕಂಡದ್ದೇ ತಡ, ಯಾಕಮ್ಮ ಅಡ್ಡ ಬಂದು ನಿಂತಳು. ಬೇಡ, ನನಗೋಸ್ಕರ ಬರಬೇಡಿ, ವಾಪಸ್ ಹೋಗಿ ಎಂದು ಕೈಮುಗಿದಳು. ಕೊಟ್ಟ ಮಾತು ನೀವು ಉಳಿಸಿಕೊಂಡಿರಿ, ಇನ್ನು ನನ್ನ ಮಾತು ನನಗೆ ಬಿಡಿ ಎಂದು ನರ್ಸ್ ಅವಳನ್ನು ದಾಟಿ ಒಳಗೆ ಹೋದಳು.

ಮುಂದಿನದು ಊರಿಗೇ ಗೊತ್ತು. ಆರೋಗ್ಯ ಇಲಾಖೆಯವರು ಹೋಗಿ ಆ ವಿಭಾಗಕ್ಕೆ ಬೀಗ ಜಡಿದರು. ಊರಿನ ಕಣ್ಣೆಲ್ಲ ಆಸ್ಪತ್ರೆಯ ಮೇಲಿದ್ದದ್ದರಿಂದ, ಆ ಮೂವರನ್ನು ಕೆಲಸದಿಂದ ತೆಗೆಯುವ ಧೈರ್ಯ ಯಾರಿಗೂ ಬರಲಿಲ್ಲ. ಸಂಪಾದಕರು ನಮ್ಮ ಮನೆಗೇ ಬಂದು ಕಾಫಿ ಕುಡಿದು, ತಪ್ಪಾಯ್ತಮ್ಮ ಅಂದು ಹೋದರು. ಸಕ್ಕರೆ ಕಡಿಮೆ ಹಾಕಿದ್ದೆ, ಬೇಕೆಂದೇ.

ಆದರೆ ನನಗೆ ಹೋದ ಜೀವ ಬಂದದ್ದು ಆ ಮೂವರು ಚಾನೆಲ್ಲಿಗೆ ಬಂದ ದಿನವೇ, ಸ್ಟುಡಿಯೋದ ಗಾಜಿನಾಚೆ ನಿಂತಿದ್ದಾಗ. ದೀಪಗಳು ಹತ್ತಿದವು. ನರ್ಸ್ ಮುಖ ಮುಚ್ಚದೆ ಕ್ಯಾಮೆರಾ ನೋಡುತ್ತಾ, ಮೊಟ್ಟಮೊದಲಿಗೆ ತನ್ನ ಹೆಸರು ಹೇಳಿದಳು. ಗೋಗರೆದರೂ ನನಗೆ ಸಿಗದಿದ್ದ ಹೆಸರು. ಪಕ್ಕದಲ್ಲಿದ್ದ ಯಾಕಮ್ಮ ಗೋಡೆಗೆ ಒರಗಿದವಳು ಹಾಗೇ ಜಾರಿ ನೆಲದ ಮೇಲೆ ಕೂತು, ಅಳುತ್ತಾ ನಗತೊಡಗಿದಳು. ನಾನೂ ಅವಳ ಪಕ್ಕ ಕೂತೆ.