ಹಗೇವಿಗೆ ಇಳಿಸಿದ ದೀಪ

ಯರಗುಪ್ಪಿಯ ಗಂಗವ್ವನ ಅಂಗಳದಲ್ಲಿ ಹಗೇವಿನ ಬಾಯಿ ತೆರೆದಿತ್ತು. ಹಿಂದೆ ಜೋಳ ತುಂಬಿಡುತ್ತಿದ್ದ ಆ ನೆಲದೊಳಗಿನ ಕುಣಿ ಎಷ್ಟೋ ವರ್ಷದಿಂದ ಖಾಲಿ. ಅದರೊಳಗೆ ಇಳಿದು ಫೋಟೋ ತೆಗೆಯುವುದು ನನ್ನ ಕೆಲಸ. ಬಗ್ಗಿ ನೋಡಿದರೆ ತಂಪು ಕತ್ತಲು, ಹಳೆ ಜೋಳದ ಸಿಹಿ ವಾಸನೆ. ಕೆಳಗಿನಿಂದ ನಿದ್ದೆಯೇ ಕರೆಯುತ್ತಿದೆಯೇನೋ ಅನ್ನಿಸಿ, ಆ ಮಧ್ಯಾಹ್ನ ನನಗೆ ಇಳಿಯುವುದೊಂದೇ ಧ್ಯಾನ.

“ನಿಂದರ್ರಿ ಅಕ್ಕಾರ. ಮೊದಲ ದೀಪಾ ಇಳಸೂಣು. ಆರಿದ್ರ ಒಳಗ ಗಾಳಿ ಕೆಟ್ಟೈತಿ ಅಂತ ಲೆಕ್ಕ,” ಎಂದು ಗಂಗವ್ವ ಕಂದೀಲು ತರಲು ಮನೆಯೊಳಗೆ ಹೋದಳು.

ಅಷ್ಟು ಪುರಸೊತ್ತು ನನಗೆಲ್ಲಿ? ಮೊಬೈಲಿನ ಟಾರ್ಚ್ ಹಚ್ಚಿ, ಹಗ್ಗಕ್ಕೆ ಕಟ್ಟಿ ಇಳಿಬಿಟ್ಟೆ. ತಳದಲ್ಲಿ ಬೆಳಕು ಬೆಳದಿಂಗಳಂತೆ ಹರಡಿಕೊಂಡಿತು.

“ನೋಡ್ರಿ, ಆರಲಿಲ್ಲ!” ಎಂದು ಕೂಗಿ ಏಣಿಗೆ ಕಾಲಿಟ್ಟೆ.

ಓಡಿ ಬಂದ ಗಂಗವ್ವ ರಟ್ಟೆ ಹಿಡಿದು ಎಳೆದಳು. “ಜಗತ್ತೆಲ್ಲಾ ತಿರಗೇನಿ ಅಂತೀರಿ. ಆ ಮೊಬೈಲೇನ ಉಸರ ಆಡ್ತೈತೇನ್ರಿ?”

ಕಂದೀಲು ಇಳಿಯಿತು. ಅರ್ಧಕ್ಕೆ ಹೋಗುವಷ್ಟರಲ್ಲಿ ಉರಿ ಸಣ್ಣದಾಯಿತು, ನಿದ್ದೆ ಬಂದ ಮಗುವಿನ ಕಣ್ಣಿನ ಹಾಗೆ ಮೆಲ್ಲಗೆ ಮುಚ್ಚಿಹೋಯಿತು. ನಾನು ಏಣಿಯಿಂದ ಎರಡು ಹೆಜ್ಜೆ ಹಿಂದೆ ಸರಿದೆ. ಎಷ್ಟೋ ದೇಶಗಳ ಗುಹೆಗಳಿಗೆ ಹೀಗೇ ಟಾರ್ಚ್ ನಂಬಿ ನುಗ್ಗಿದ್ದೆ. ಬದುಕಿ ಬಂದದ್ದನ್ನೇ ತಿಳಿವಳಿಕೆ ಅಂದುಕೊಂಡಿದ್ದೆ.

“ಗಾಳಿ ಕೆಟ್ಟದ್ದು ನಿಮಗ ಮೊದಲ ಗೊತ್ತಿತ್ತೇನ್ರಿ?” ಎಂದು ಕೇಳಿದೆ.

“ಗೊತ್ತಿದ್ರ ದೀಪಾ ಯಾಕ ಇಳಸ್ತಿದ್ದೆ? ಈಗ ಗೊತ್ತಾತು.”

ನನ್ನ ಹಗ್ಗ ಎಳೆದುಕೊಂಡೆ. ಮೊಬೈಲು ಮಾತ್ರ ಏನೂ ಆಗಿಲ್ಲವೆಂಬಂತೆ ಬೆಳಗುತ್ತಲೇ ಮೇಲೆ ಬಂತು. ಅದರ ಆತ್ಮವಿಶ್ವಾಸ ಕಂಡು ನನಗೇ ನಾಚಿಕೆಯಾಯಿತು.