ಸತ್ತು ಏಳುವ ಜರ್ಮನಿಯವ

ಹೆಲ್ಮುಟ್ ಅಂತ ಜರ್ಮನಿಯ ನಟ ಒಬ್ಬ ಅದಾನ. ಬನಹಟ್ಟಿಯೊಳಗ ಮಗ್ಗ ನಿಲ್ಲಿಸಿ ಬಂದು ನಮ್ಮ ಮನಿಯವರು ಮೊಬೈಲಿನ್ಯಾಗ ಅವನ ಸಿನಿಮಾನೇ ನೋಡತಿದ್ದರು. ಅವ ಎಂದೂ ನಾಯಕ ಆಗಲಿಲ್ಲ. ಒಮ್ಮೆ ಡಾಕ್ಟರ, ಒಮ್ಮೆ ಗೂಢಚಾರ, ಒಮ್ಮೆ ರೈಲಿನ ಗಾರ್ಡ್. ಮುದುಕ ಆಗೂತನಕ ಸಾಯೋದೇ ಅವನ ಕೆಲಸ. ಚಸ್ಮಾ ಒರಸಾಕ ಹತ್ತಿದ ಅಂದ್ರ ಗುಂಡು ಬೀಳೋದು ಖರೆ. "ನೋಡಲೇ, ಈಗ ಸಾಯತಾನ" ಅಂತ ನಮ್ಮ ಮನಿಯವರು ನಗತಿದ್ದರು. ಮುಂದಿನ ಸಿನಿಮಾದಾಗ ಮತ್ತ ಅದೇ ಚಸ್ಮಾ ಹಾಕ್ಕೊಂಡು ಬರತಾನ. ಅವನ ಹೆಂಡತಿ ಮ್ಯಾಲೆ ನನಗ ಹೊಟ್ಟಿಕಿಚ್ಚು. ಎದಿಗೆ ಹಚ್ಚಿದ ಕೆಂಪು ಬಣ್ಣ ತೊಳಕೊಂಡು ಸಂಜಿಗೆ ಮನಿಗೆ ಬಂದು ಊಟ ಕೇಳತಾನಲ್ಲ! "ಯವ್ವಾ, ಅದು ನಟನೆ ಬೇ" ಅಂತಾಳ ಮಗಳು ದಾನೇಶ್ವರಿ. ನನಗೂ ಗೊತ್ತೈತಿ. ಅವ ನೆಲಕ್ಕ ಬಿದ್ದು ಏಳತಾನ. ನಮ್ಮ ಮನಿಯವರು ತೀರಿಕೊಂಡ ದಿನ ನಮ್ಮ ಪದ್ಧತಿಯಂಗ ಅವರಿಗೆ ವಿಭೂತಿ ಹಚ್ಚಿ, ಹೂ ಹಾಕಿ, ಗೋಡಿಗೆ ಆನಿಸಿ ಕುಂದ್ರಿಸಿದ್ದರು. ಏಳಾಕ ಅರ್ಧಾ ಕೆಲಸ ಮಂದಿನೇ ಮಾಡಿಕೊಟ್ಟಿದ್ದರು. ಏಳಲಿಲ್ಲ.