ನಮ್ಮ ಮಾವನವರ ರಾಜಬೀದಿ

ಪಕ್ಕದ ಮನೆಯಲ್ಲಿ ಬೆಳಗಿನಿಂದ ಸುತ್ತಿಗೆಯ ಸದ್ದು. ಗಟ್ಟಿಮುಟ್ಟಾಗಿದ್ದ ಹೆಬ್ಬಾಗಿಲನ್ನು ಕಿತ್ತು, ವಾಸ್ತು ಪಂಡಿತರು ತೋರಿಸಿದ ಕಡೆ ಕೂರಿಸುತ್ತಿದ್ದಾರೆ. ಹೊಸ ಬಾಗಿಲು ತೆರೆದರೆ ನೇರ ಎದುರಿಗೆ ನಮ್ಮ ಬಚ್ಚಲು. ಲಕ್ಷ್ಮಿ ಆ ದಾರಿಯಲ್ಲೇ ಬರುತ್ತಾಳಂತೆ. ಬರಲಿ, ಕಾಲು ತೊಳೆದುಕೊಳ್ಳಲು ಅನುಕೂಲ. ಗಾರೆಯ ಧೂಳು ಹಾರಿ ನನ್ನ ಕಾಫಿಗೆ ಬಿದ್ದಾಗ ನಮ್ಮ ಮಾವನವರು ನೆನಪಾದರು. ಅವರು ಒಂದು ಬಾಗಿಲಿಗೆಲ್ಲ ತೃಪ್ತರಾಗುವವರಲ್ಲ. ಊರಿಗೆ ಊರನ್ನೇ ದಿಕ್ಕು ನೋಡಿ ಕಟ್ಟಿದವರು.

ಸ್ವಾತಂತ್ರ್ಯ ಬಂದ ಹೊಸತು, ಕೊಡಗು ಇನ್ನೂ ತನ್ನದೇ ಪುಟ್ಟ ರಾಜ್ಯವಾಗಿದ್ದ ಕಾಲ ಅದು. ನಾನು ಹೊಸ ಸೊಸೆ. ಹಾಸನದ ಕಡೆಯ ಕೆಲವು ಸಂಸಾರಗಳನ್ನು ಜೊತೆಗೆ ಕರೆತಂದು ಮಾವನವರು ಕುಶಾಲನಗರದ ಹತ್ತಿರ, ಕಾವೇರಿಯ ಪಕ್ಕದಲ್ಲಿ ಗದ್ದೆ ಮಾಡುತ್ತಿದ್ದರು. ಅವರಿಗೆ ಈ ಸೀಮೆಯ ಮನೆಗಳನ್ನು ಕಂಡರಾಗದು. ಒಂದು ಮನೆ ಗುಡ್ಡದ ಮೇಲೆ, ಇನ್ನೊಂದು ಗದ್ದೆಯಾಚೆ. “ಇದೇನ್ ಊರಾ? ಜಗಳ ಆಡ್ಬೇಕು ಅಂದ್ರೂ ಬುತ್ತಿ ಕಟ್ಕೊಂಡ್ ಹೋಗ್ಬೇಕು” ಎನ್ನುತ್ತಿದ್ದರು. ಜಗಳಕ್ಕೆ ಅನುಕೂಲವಾದ ಊರೊಂದನ್ನು ತಾವೇ ಕಟ್ಟಲು ಹೊರಟರು.

ನಡುವೆ ದೇವರಿಗೆಂದು ಚೌಕ, ಚೌಕದಿಂದ ಹೊರಟ ನೆಟ್ಟನೆಯ ಬೀದಿಗಳು. ಮೂಡಣದ ಬೀದಿಗೆ ರಾಜಬೀದಿಯೆಂದು ಹೆಸರು. ರಾಜರು ಬರುವ ಸೂಚನೆ ಏನೂ ಇರಲಿಲ್ಲ. ಆ ಕೊರತೆ ಕಾಣದಂತೆ ನಮ್ಮ ಎಮ್ಮೆಗಳು ಗಾಂಭೀರ್ಯದಿಂದ ನಡೆಯುತ್ತಿದ್ದವು. ತೆಂಕಣ ಯಮನ ದಿಕ್ಕಾದ್ದರಿಂದ ಅತ್ತ ಬೀದಿಯೇ ಇಲ್ಲ, ಬರೀ ಮುಳ್ಳುಬೇಲಿ. ಯಮ ಬರುವುದಾದರೆ ಸುತ್ತು ಹಾಕಿಕೊಂಡು ಬರಲಿ ಎಂದಿರಬೇಕು.

ಆ ಬೇಲಿಯಾಚೆಗಿನ ತಗ್ಗಿನಲ್ಲಿ ಮಾವನವರು ತಮ್ಮ ತಂಗಿಗೆ ಹುಲ್ಲಿನ ಮನೆ ಹಾಕಿಸಿದರು. ನಂಜಮ್ಮತ್ತೆಗೆ ಗಂಡ ತೀರಿಕೊಂಡಿದ್ದರು. ಬೆಳಗ್ಗೆ ಕೆಲಸಕ್ಕೆ ಹೊರಟವರಿಗೆ ವಿಧವೆಯ ಮುಖ ಎದುರಾದರೆ ಹೊಸ ಊರಿಗೆ ಏಳಿಗೆ ಉಂಟೇ?

“ಒಡಹುಟ್ಟಿದವಳನ್ನ ಬೇಲಿಯಾಚೆ ಹಾಕ್ತೀರಲ್ಲ!” ಎಂದರು ನಮ್ಮತ್ತೆ.

“ಊರಿನ ಒಳ್ಳೇದಕ್ಕೆ ಕಣೇ” ಎಂದರು ಮಾವ.

ನಂಜಮ್ಮತ್ತೆ ತಮ್ಮ ಗಂಟು ಎತ್ತಿಕೊಂಡು ಹೋದರು. ನಾನು ಸೊಪ್ಪು ಕೊಡುವ ನೆಪದಲ್ಲಿ ಬದು ಸುತ್ತಿಕೊಂಡು ಹೋಗಿ ಮಾತಾಡಿಸುತ್ತಿದ್ದೆ. “ಇಲ್ಲೇ ಸುಖ ಕಣಮ್ಮ. ನಿಮ್ಮೂರಿನ ಮುಖಗಳು ನಂಗೂ ಕಾಣಲ್ಲ” ಎನ್ನುತ್ತಿದ್ದರು. ನಗುತ್ತಲೇ ಎನ್ನುತ್ತಿದ್ದರು, ನಾನು ಹೊರಟಾಗ ಮಾತ್ರ, “ಇನ್ನೊಂಚೂರು ಕೂತ್ಕೋ” ಎಂದು ಕೈ ಹಿಡಿಯುತ್ತಿದ್ದರು.

ಕಾವೇರಿ ಶಾಸ್ತ್ರ ಓದಿರಲಿಲ್ಲ. ಮುಂದಿನ ಮಳೆಗಾಲದಲ್ಲಿ ಒಂದು ದಿನ ಬೆಳಕು ಹರಿಯುವಷ್ಟರಲ್ಲಿ ತಗ್ಗೆಲ್ಲ ಕೆಂಪು ನೀರು. ನಂಜಮ್ಮತ್ತೆ ಹುಲ್ಲಿನ ಮಾಡಿನ ಮೇಲೆ ಕುಳಿತಿದ್ದರು, ಮಡಿಲಲ್ಲೊಂದು ಕೋಳಿ.

“ನಂಜೀ! ಬೇಗ ಬಾರೇ ಈ ಕಡೆ!” ಮಾವ ಬೇಲಿಯ ಬಳಿ ನಿಂತು ಕೂಗಿದರು.

“ಯಾವ ಬೀದೀಲಿ ಬರ್ಲಿ ಅಣ್ಣಯ್ಯ? ನೀನು ದಾರೀನೇ ಇಡ್ಲಿಲ್ವಲ್ಲ!”

ಯಾರೂ ನಗಲಿಲ್ಲ. ಮಾವನವರಿಗೆ ಈಜು ಬಾರದು. ಗಾಡಿಯ ಹಗ್ಗವನ್ನು ಸೊಂಟಕ್ಕೆ ಬಿಗಿದು, ಇನ್ನೊಂದು ತುದಿಯನ್ನು ನನ್ನ ಗಂಡನ ಕೈಗಿತ್ತು, ಬೇಲಿಯನ್ನು ಬರಿಗೈಯಲ್ಲಿ ಕಿತ್ತೆಸೆದು ನೀರಿಗಿಳಿದರು. ಎದೆಯ ಮಟ್ಟ, ಕುತ್ತಿಗೆಯ ಮಟ್ಟ. ಒಮ್ಮೆ ತಲೆಯೂ ಕಾಣಲಿಲ್ಲ. ನಮ್ಮತ್ತೆ ನನ್ನ ತೋಳನ್ನು ಉಗುರಿಳಿಯುವಂತೆ ಹಿಡಿದುಕೊಂಡರು. ಮತ್ತೆ ತಲೆ ಮೇಲೆ ಬಂದಾಗ ಮಾವನ ಬೆನ್ನ ಮೇಲೆ ನಂಜಮ್ಮತ್ತೆ ಇದ್ದರು. ಅಲ್ಲಿದ್ದ ಗಂಡಸರೆಲ್ಲ ಸೇರಿ ಹಗ್ಗ ಎಳೆದರು. ಅವರ ಹಿಂದೆಯೇ ಮನೆಯ ಗೋಡೆ ಕುಸಿಯಿತು. ಕೋಳಿ ಹೇಗೋ ಹಾರಿ ದಡ ಸೇರಿತ್ತು.

“ಇಳ್ಸು ಅಣ್ಣಯ್ಯ, ಬೆಳಗಿನ ಹೊತ್ತು. ಹಿಂದ್ಗಡೆಯಿಂದ ಬರ್ತೀನಿ.”

“ಸುಮ್ನಿರೇ!”

ಮಾವನವರು ತಂಗಿಯನ್ನು ಹೊತ್ತು ರಾಜಬೀದಿಯ ನಟ್ಟನಡುವೆ ನಡೆದರು. ಆಗಷ್ಟೇ ಬಾಗಿಲು ತೆಗೆದವರೆಲ್ಲ ಆ ದಿನ ಮೊದಲು ನೋಡಿದ್ದು ನಂಜಮ್ಮತ್ತೆಯ ಮುಖವನ್ನೇ. ಊರಿನ ಏಳಿಗೆಗೆ ಏನೂ ಆಗಲಿಲ್ಲ. ಮೊದಲೂ ಏನೂ ಆಗುತ್ತಿರಲಿಲ್ಲವಲ್ಲ.

ಆಮೇಲೆ ನಂಜಮ್ಮತ್ತೆ ನಮ್ಮ ಮುಂದಿನ ಕೋಣೆಯಲ್ಲೇ ಉಳಿದರು. ಮಾವನವರು ಕ್ಷಮೆ ಗಿಮೆ ಕೇಳಲಿಲ್ಲ; ಅವರ ಶಾಸ್ತ್ರದಲ್ಲಿ ಅದಕ್ಕೆ ಮೂಲೆ ಇರಲಿಲ್ಲ. ಆದರೆ ಬೆಳಗ್ಗೆ ಗದ್ದೆಗೆ ಹೊರಡುವಾಗ ಜಗಲಿಯ ಮುಂದೆ ನಿಲ್ಲುತ್ತಿದ್ದರು. “ನಂಜೀ, ಹೊರಟೆ.” ತಂಗಿ ತಲೆಯೆತ್ತಿ, “ಹೂಂ, ಹೋಗ್ ಬಾ” ಎನ್ನುವ ತನಕ ಕದಲುತ್ತಿರಲಿಲ್ಲ.

ಈಗ ನನಗೂ ಗಂಡನಿಲ್ಲ. ಇಷ್ಟನ್ನೆಲ್ಲ ಕಂಡವಳಾದರೂ, ಮನೆಯವರು ಒಳ್ಳೆಯ ಕೆಲಸಕ್ಕೆ ಹೊರಡುವಾಗ ನಾನು ಯಾರೂ ಹೇಳದೆಯೇ ಅಡುಗೆಮನೆಗೆ ಸರಿದುಬಿಡುತ್ತೇನೆ. ನಾಳೆ ಬೆಳಗ್ಗೆ ಮೊಮ್ಮಗಳಿಗೆ ಪರೀಕ್ಷೆಯಿದೆ. ಈ ಸಲ ಗೇಟಿನ ತನಕ ಹೋಗಿ, ಅವಳ ಎದುರಿಗೇ ನಿಂತು ಕಳಿಸಿಕೊಟ್ಟು ಬರುತ್ತೇನೆ.